ಬೆಳಗಿನ ಏಳು ಗಂಟೆಯ ಬೇಸ್‌ಬಾಲ್

ನಾನು ಬೇಸ್‌ಬಾಲ್ ಕೇಳಲು ಶುರುಮಾಡಿದ್ದು ಮೇಲಧಿಕಾರಿಯ ಭಯಕ್ಕೆ. ಆಟ ಇಷ್ಟವಾಗಿದ್ದು ಆಮೇಲೆ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಈಗ ಯಾರಾದರೂ ಮನೆಗೆ ಬಂದವರು ನನ್ನ ಫೋನಿನಲ್ಲಿ ಆ ಕಾಮೆಂಟರಿ ಕೇಳಿ, ಮೈಸೂರಿನವನಿಗೆ ಇದೆಂಥ ಹುಚ್ಚು ಎಂದು ವಿಚಾರಿಸಿದಾಗ ನಾನು ಕ್ರೀಡಾಪ್ರೇಮದ ಬಗ್ಗೆ ದೊಡ್ಡ ಮಾತುಗಳನ್ನಾಡುತ್ತೇನೆ. ಅದೆಲ್ಲ ಬುರುಡೆ.

ಕಳೆದ ದಶಕದ ಮಧ್ಯದಲ್ಲಿ ನಾನು ಸಿಂಗಪುರದ ಚಾಂಗಿ ಬಿಸಿನೆಸ್ ಪಾರ್ಕಿನಲ್ಲಿ, ಒಂದು ವಿದೇಶಿ ಬ್ಯಾಂಕಿನ ಐಟಿ ವಿಭಾಗದಲ್ಲಿ ಏಳು ಜನರ ತಂಡವನ್ನು ನೋಡಿಕೊಳ್ಳುತ್ತಿದ್ದೆ. ನಮ್ಮ ಡೈರೆಕ್ಟರ್ ಇದ್ದದ್ದು ಅಮೆರಿಕದ ಪೂರ್ವ ಕರಾವಳಿಯ ಒಂದು ಊರಿನಲ್ಲಿ. ಆರು ವರ್ಷ ಅವನ ಕೈಕೆಳಗೆ ದುಡಿದರೂ ನಾನು ಅವನ ಮುಖ ನೋಡಿದ್ದು ಎರಡೇ ಸಲ. ಉಳಿದಂತೆ ಅವನು ನನಗೆ ಒಂದು ದನಿ ಮಾತ್ರ. ದಿನಾ ಬೆಳಿಗ್ಗೆ ಎಂಟೂವರೆಗೆ ನಮ್ಮ ಕಾನ್ಫರೆನ್ಸ್ ಕಾಲ್. ಅಲ್ಲಿ ಆಗ ರಾತ್ರಿ ಎಂಟೂವರೆ. ಬೇಸಿಗೆಯಲ್ಲಿ ಅವನ ಊರಿಗೂ ನಮಗೂ ಸರಿಯಾಗಿ ಹನ್ನೆರಡು ಗಂಟೆಗಳ ಅಂತರವಿದ್ದುದರಿಂದ ಗಡಿಯಾರ ತಿದ್ದುವ ಗೋಜೇ ಇರಲಿಲ್ಲ. ಅವನು ಊಟ ಮುಗಿಸಿ ಮನೆಯಿಂದಲೇ ಕಾಲ್‌ಗೆ ಬರುತ್ತಿದ್ದ. ನಾವು ತಿಂಡಿ ತಿಂದೋ ತಿನ್ನದೆಯೋ ಕೂತಿರುತ್ತಿದ್ದೆವು.

ಅವನು ಕೆಟ್ಟವನಲ್ಲ. ಆದರೆ ಅವನ ಹೌದು ಮತ್ತು ಅಲ್ಲಗಳಿಗೆ ತಲೆಬುಡ ಇರಲಿಲ್ಲ. ಒಂದೇ ಕೆಲಸಕ್ಕೆ ಸೋಮವಾರ ಅನುಮತಿ ಇಲ್ಲ, ಗುರುವಾರ ಇದೆ. ಕಾರಣ ಕೇಳುವ ಧೈರ್ಯ ನನಗಿರಲಿಲ್ಲ. ಯಾರ ಹತ್ತಿರವೂ ಏನನ್ನೂ ಕೇಳಿ ಪಡೆದು ಅಭ್ಯಾಸವಿಲ್ಲದ ಮನುಷ್ಯ ನಾನು. ಬಸ್ಸಿನಲ್ಲಿ ಕಿಟಕಿ ಸ್ವಲ್ಪ ತೆಗೆಯಿರಿ ಎಂದು ಹೇಳಬೇಕಾದರೂ ನಾಲ್ಕು ಸಲ ಮನಸ್ಸಿನಲ್ಲಿ ಅಂದುಕೊಂಡು ಕೊನೆಗೆ ಸುಮ್ಮನಿದ್ದು ಬೆವರುವ ಜಾತಿ.

ಒಂದು ದಿನ, ಎರಡು ಸಲ ತಳ್ಳಿಹಾಕಿದ್ದ ಕೆಲಸಕ್ಕೆ ಅವನು ಅರ್ಧ ನಿಮಿಷದಲ್ಲಿ ಒಪ್ಪಿಬಿಟ್ಟ. ಒಪ್ಪುವಾಗ ಅವನ ಹಿಂದಿನಿಂದ ಜನರ ಗದ್ದಲ, ಯಾರೋ ಒಬ್ಬ ಉತ್ಸಾಹದಿಂದ ಕೂಗಿ ಹೇಳುತ್ತಿದ್ದ ದನಿ ಕೇಳಿಸಿತು. ನನ್ನ ಪಕ್ಕದ ಸೀಟಿನ ಚೀನೀ ಸಹೋದ್ಯೋಗಿ ಸಿಂಗಪುರದವನೇ, ಅಮೆರಿಕದಲ್ಲಿ ಓದಿ ಬಂದವನು. ಕಾಲ್ ಮುಗಿದ ಮೇಲೆ ನಕ್ಕು, ಸಿಂಗಪುರದವರು ಮಾತಿನ ಕೊನೆಗೆ ಅಂಟಿಸುವ ಲಾ ಸೇರಿಸಿ, "ಬೇಸ್‌ಬಾಲ್ ಲಾ. ಅವರ ಊರಿನ ಟೀಮ್ ಲೀಡಿಂಗ್," ಎಂದ. ಅವನು ಆಡಿದ್ದು ತಮಾಷೆಗೆ. ನಾನು ಅದನ್ನು ಮನಸ್ಸಿಗೆ ತೆಗೆದುಕೊಂಡೆ.

ಮರುದಿನದಿಂದ ಒಂದು ಸಣ್ಣ ಪುಸ್ತಕ ಇಟ್ಟೆ. ಒಂದು ಕಡೆ ಎಂಟೂವರೆಗೆ ಆ ತಂಡ ಮುಂದಿತ್ತೋ ಹಿಂದಿತ್ತೋ, ಇನ್ನೊಂದು ಕಡೆ ಅವನು ಹೌದು ಎಂದನೋ ಅಲ್ಲ ಎಂದನೋ. ಕೆಲವೇ ವಾರಗಳಲ್ಲಿ ನನಗೆ ಖಾತ್ರಿಯಾಯಿತು. ತಂಡ ಮುಂದಿದ್ದಾಗ ಅವನು ಉದಾರಿ. ಹೊಂದಿಕೆಯಾಗದ ದಿನಗಳೂ ಇದ್ದವು, ಆದರೆ ಅವಕ್ಕೆ ನನ್ನ ಹತ್ತಿರ ಬೇರೆ ಕಾರಣಗಳಿರುತ್ತಿದ್ದವು. ಅವನಿಗೆ ನೆಗಡಿ ಇತ್ತು, ಅಥವಾ ಅಂದು ತಿಂಗಳ ಕೊನೆ. ನನ್ನ ಹೆಂಡತಿ ಯಾವ ಕೆಲಸಕ್ಕೂ ರಾಹುಕಾಲ ನೋಡುವವಳು. ಅದನ್ನೂ ಊರಿನ ಕ್ಯಾಲೆಂಡರ್ ಪ್ರಕಾರವಲ್ಲ, ಸಿಂಗಪುರದ ಸೂರ್ಯೋದಯಕ್ಕೆ ಲೆಕ್ಕ ಹಾಕಿಸಿಕೊಂಡು. ನಾನು ಅವಳನ್ನು ಇಪ್ಪತ್ತು ವರ್ಷ ಆಡಿಕೊಂಡಿದ್ದೇನೆ. ಆ ಪುಸ್ತಕ ಅವಳ ಕಣ್ಣಿಗೆ ಬಿದ್ದ ದಿನ ಅವಳು ಎರಡು ಪುಟ ತಿರುವಿ ನೋಡಿ, "ಇದು ಯಾವ ಪಂಚಾಂಗ ರೀ?" ಎಂದಳು.

ಸ್ಕೋರ್ ಮಾತ್ರ ಬೇಕಿದ್ದರೆ ಫೋನಿನಲ್ಲಿ ಒಮ್ಮೆ ಒತ್ತಿದರೆ ಸಾಕಿತ್ತು. ಆದರೆ ಅಂಕಿ ನೋಡಿದರೆ ಮನಸ್ಸಿನ ಹದ ಗೊತ್ತಾಗುವುದಿಲ್ಲ. ಮೂರು ರನ್ ಮುಂದಿದ್ದರೂ ಎದುರಾಳಿಗಳು ರನ್ನಿಗೆ ಓಡುವ ದಾರಿಯ ಮೂರು ನಿಲುಗಡೆಗಳಲ್ಲೂ, ಅಂದರೆ ಬೇಸ್‌ಗಳಲ್ಲಿ, ನಿಂತಿದ್ದರೆ ಊರಿಗೆ ಊರೇ ಉಸಿರು ಹಿಡಿದಿರುತ್ತದೆ. ಆ ಹೊತ್ತಿನಲ್ಲಿ ಹೋಗಿ ಅನುಮತಿ ಕೇಳುವುದು ಮೂರ್ಖತನ. ಹಾಗಾಗಿ ಆಟವನ್ನೇ ಕೇಳಬೇಕಾಯಿತು.

ಕೇಳುವುದು ಅಷ್ಟು ಸುಲಭವಿರಲಿಲ್ಲ. ಮೊದಲು ಪ್ರಪಂಚದ ರೇಡಿಯೋ ಸ್ಟೇಷನ್‌ಗಳನ್ನೆಲ್ಲ ಒಂದೇ ಕಡೆ ಕೊಡುವ ಒಂದು ಉಚಿತ ಆ್ಯಪ್ ಹಾಕಿಕೊಂಡೆ. ಅವನ ಊರಿನ ಸ್ಟೇಷನ್ ಸಿಕ್ಕಿತು. ಬೆಳಿಗ್ಗೆ ಏಳಕ್ಕೆ ಐದು ನಿಮಿಷ ಇರುವವರೆಗೆ ಇಬ್ಬರು ಕೂತು ಇವತ್ತು ಯಾರು ಬಾಲ್ ಎಸೆಯುತ್ತಾರೆ, ಯಾರ ಭುಜ ನೋಯುತ್ತಿದೆ ಎಂದೆಲ್ಲ ಹರಟುತ್ತಿದ್ದರು. ಆಟ ಶುರುವಾಯಿತು ಎನ್ನುವಷ್ಟರಲ್ಲಿ ಅದು ನಿಂತು, ಎಲ್ಲಿಂದಲೋ ತೋಟಗಾರಿಕೆಯ ಹಳೇ ಕಾರ್ಯಕ್ರಮ ಬರತೊಡಗುತ್ತಿತ್ತು. ಪ್ರಸಾರದ ಹಕ್ಕು ಗಾಳಿಯಲ್ಲಿ ಹೋಗುವ ರೇಡಿಯೋಗೆ ಮಾತ್ರವಂತೆ, ಇಂಟರ್ನೆಟ್‌ಗೆ ಇಲ್ಲವಂತೆ. ಮೂರು ದಿನ ಟೊಮೇಟೊ ಗಿಡಕ್ಕೆ ಆಸರೆ ಕಟ್ಟುವ ವಿಧಾನ ಕೇಳಿದ ಮೇಲೆ ನನಗೆ ಇದು ತಿಳಿಯಿತು.

ಆಮೇಲೆ ಲೀಗಿನವರದೇ ಆ್ಯಪ್‌ಗೆ ಚಂದಾ ಕಟ್ಟಿದೆ. ಅದರಲ್ಲಿ ಎರಡು ಬಗೆ. ವಿಡಿಯೋ ಬೇಕಾದರೆ ಒಂದು, ಬರೀ ಆಡಿಯೋ ಸಾಕೆಂದರೆ ಇನ್ನೊಂದು. ನಾನು ತೆಗೆದುಕೊಂಡದ್ದು ಆಡಿಯೋ. ಕಿಕ್ಕಿರಿದ ಟ್ರೈನಿನಲ್ಲಿ ನಿಂತವನಿಗೆ ವಿಡಿಯೋ ಹಿಡಿದುಕೊಳ್ಳಲು ಕೈ ಎಲ್ಲಿರುತ್ತದೆ? ಆಡಿಯೋದಲ್ಲಿ ಇನ್ನೊಂದು ಅನುಕೂಲವಿತ್ತು. ಪ್ರತಿ ಆಟಕ್ಕೂ ಎರಡು ಕಾಮೆಂಟರಿ, ಈ ಊರಿನವರದು ಒಂದು, ಆ ಊರಿನವರದು ಒಂದು. ಒಂದೇ ಚೆಂಡನ್ನು ಇವರು ದುರದೃಷ್ಟ ಎಂದರೆ ಅವರು ಕೈಚಳಕ ಎನ್ನುತ್ತಿದ್ದರು. ಡೈರೆಕ್ಟರನ ಮನಸ್ಸು ತಿಳಿಯಬೇಕೆಂದರೆ ಅವನ ಊರಿನವರದೇ ಕೇಳಬೇಕು. ತಂಡ ತೀರಾ ಏಟು ತಿನ್ನುತ್ತಿದ್ದಾಗ ಮಾತ್ರ ಎದುರಾಳಿಗಳ ಕಾಮೆಂಟರಿಗೆ ತಿರುಗಿಸುತ್ತಿದ್ದೆ. ಅಲ್ಲಿಯಾದರೂ ಯಾರೋ ಖುಷಿಯಾಗಿದ್ದಾರಲ್ಲ ಎಂಬ ಸಮಾಧಾನ.

ನಮ್ಮ ಮನೆ ಕ್ಲೆಮೆಂಟಿಯಲ್ಲಿ, ದ್ವೀಪದ ಪಶ್ಚಿಮಕ್ಕೆ. ಆಫೀಸು ಪೂರ್ವದ ತುದಿಯಲ್ಲಿ. ಏಳೂ ಕಾಲಿಗೆ ಎಂಆರ್‌ಟಿ ಹತ್ತಿದರೆ ಒಂಬತ್ತು ಇನಿಂಗ್‌ಗಳಲ್ಲಿ ಮೊದಲನೆಯದು ಮುಗಿಯುತ್ತಿರುತ್ತಿತ್ತು. ರೆಡ್‌ಹಿಲ್‌ವರೆಗೆ ಟ್ರೈನು ಮೇಲೆ ಓಡುತ್ತದೆ, ದನಿ ಸ್ವಚ್ಛ. ತಿಯೋಂಗ್ ಬಾರುವಿನಿಂದ ಸುರಂಗ. ಅಲ್ಲಿ ದನಿ ತುಂಡು ತುಂಡಾಗುತ್ತಿತ್ತು. ಕಾಲಾಂಗ್‌ನಲ್ಲಿ ಮತ್ತೆ ಬೆಳಕಿಗೆ ಬಂದಾಗ ಆ್ಯಪ್ ತನ್ನಷ್ಟಕ್ಕೆ ಬಿಟ್ಟಲ್ಲಿಂದ ಮುಂದುವರಿಸುತ್ತಿತ್ತು, ಅಂದರೆ ಹತ್ತು ನಿಮಿಷ ಹಳೆಯ ಆಟ. "ಲೈವ್" ಎಂಬ ಗುಂಡಿ ಒತ್ತಿ ಈಗಿನ ಕ್ಷಣಕ್ಕೆ ಬರಬೇಕು. ಹಾಗೆ ಬಂದರೂ ನಿಜವಾದ ಆಟಕ್ಕಿಂತ ಸುಮಾರು ಒಂದು ನಿಮಿಷ ಹಿಂದೆಯೇ ಇರುತ್ತದೆ. ಈ ಒಂದು ನಿಮಿಷ ನನಗೆ ಆಮೇಲೆ ಅಡ್ಡ ಬಂತು.

ಕ್ರಮೇಣ ಆಟ ರುಚಿಸಿತು. ಕ್ರಿಕೆಟ್ ಕಾಮೆಂಟರಿಯ ಹಾಗೆ ಇದರಲ್ಲೂ ಹೆಚ್ಚಿನ ಹೊತ್ತು ಏನೂ ಆಗುವುದಿಲ್ಲ, ಆ ಏನೂ ಆಗದ ಹೊತ್ತನ್ನು ಮಾತಿನಿಂದ ತುಂಬುವುದೇ ವಿದ್ಯೆ. ಮುಖ್ಯ ಕಾಮೆಂಟೇಟರ್ ವಯಸ್ಸಾದವನು. ಅವನು ಎರಡು ಎಸೆತಗಳ ನಡುವೆ ಸುಮ್ಮನಿದ್ದಾಗ ಜನರ ಗುಜುಗುಜು, ಕಡಲೆಕಾಯಿ ಮಾರುವವನ ಕೂಗು ಕೇಳಿಸುತ್ತಿತ್ತು. ಟೈರ್ ಅಂಗಡಿ, ಮಂಚ ಹಾಸಿಗೆಯ ಅಂಗಡಿಗಳ ಜಾಹೀರಾತು ಕೇಳಿ ಕೇಳಿ, ನಾನು ಕಾಲಿಡದ ಆ ಊರಿನ ಯಾವ ರಸ್ತೆ ಯಾವ ರಸ್ತೆಗೆ ಸೇರುತ್ತದೆ ಎಂದು ನನಗೆ ಬಾಯಿಪಾಠವಾಗಿತ್ತು. ಆಟಕ್ಕೆ ಗಡುವಿಲ್ಲ ಎಂಬುದು ನನಗೆ ವಿಶೇಷವಾಗಿ ಹಿಡಿಸಿತು. ಓವರುಗಳಿಲ್ಲ, ಗಂಟೆಯಿಲ್ಲ. ಇಪ್ಪತ್ತೇಳು ಸಲ ಔಟಾಗುವವರೆಗೆ ಸೋತವನು ಸೋತವನಲ್ಲ.

ಜುಲೈನಲ್ಲಿ ಒಂದು ಮಧ್ಯಾಹ್ನ ನನ್ನ ತಂಡದ ಹುಡುಗಿಯೊಬ್ಬಳು ಪ್ಯಾಂಟ್ರಿಯಲ್ಲಿ ಮಾತಿಗೆ ಸಿಕ್ಕಳು. ಹುಡುಗಿ ಎಂದೆ, ಅವಳಿಗೆ ಮೂವತ್ತನಾಲ್ಕೋ ಮೂವತ್ತೈದೋ. ಹಾಸನದವಳು. ಟೆಸ್ಟಿಂಗ್ ನೋಡುತ್ತಿದ್ದಳು. ಅವಳ ಕೈಯಿಂದ ದಾಟಿ ಹೋದ ಕೆಲಸದಲ್ಲಿ ತಪ್ಪು ಉಳಿದದ್ದನ್ನು ನಾನು ಕಾಣೆ. ಬೇರೆ ಕಂಪನಿಯ ಮೂಲಕ ಕಾಂಟ್ರಾಕ್ಟ್ ಮೇಲೆ ಬಂದು ಎರಡು ವರ್ಷವಾಗಿತ್ತು.

"ಸರ್, ಎರಡು ನಿಮಿಷ ಮಾತಾಡ್ಬಹುದಾ?" ಎಂದಳು. "ನನ್ನ ಕಾಂಟ್ರಾಕ್ಟ್ ಸೆಪ್ಟೆಂಬರ್ ಕೊನೆಗೆ ಮುಗಿಯತ್ತೆ. ವೆಂಡರ್ ಕಡೆಯೋರು ರಿನ್ಯೂ ಮಾಡಲ್ಲ ಅಂತ ಹೇಳ್ಬಿಟ್ರು. ಬ್ಯಾಂಕ್‌ನಲ್ಲೇ ಪರ್ಮನೆಂಟ್ ಮಾಡ್ಕೊಂಡ್ರೆ ಮಾತ್ರ ವರ್ಕ್ ಪಾಸ್ ಉಳಿಯತ್ತೆ."

"ಇಲ್ಲಾಂದ್ರೆ?"

"ಇಲ್ಲಾಂದ್ರೆ ವಾಪಸ್ ಹೋಗ್ಬೇಕು ಸರ್. ಇವರು ಬೆಂಗಳೂರಲ್ಲಿ ಕೆಲಸ ಬಿಟ್ಟು ನನ್ನ ಜೊತೆ ಬಂದಿದಾರೆ. ಮಗಳಿಗೆ ಈ ವರ್ಷ ತಾನೇ ಇಲ್ಲಿ ಸ್ಕೂಲ್ ಸಿಕ್ಕಿದೆ. ನೀವು ಡೈರೆಕ್ಟರ್ ಹತ್ರ ಒಂದ್ ಮಾತು ಹೇಳಿದ್ರೆ ಆಗತ್ತೆ ಅಂತ ಎಚ್ಆರ್‌ನೋರು ಹೇಳಿದ್ರು. ಆಗಸ್ಟ್ ಕೊನೆ ಒಳಗೆ ಅವರು ಓಕೆ ಅನ್ಬೇಕಂತೆ."

"ಖಂಡಿತ ಹೇಳ್ತೀನಮ್ಮ. ಅದೇನ್ ದೊಡ್ಡ ವಿಷಯ ಅಲ್ಲ," ಎಂದೆ.

ಅವಳು ಆ ವಿಷಯ ಎತ್ತಿದ್ದು ಅದೊಂದೇ ಸಲ. ಮತ್ತೆ ಮತ್ತೆ ಕೇಳಿ ಕಾಡುವವಳಲ್ಲ. ಕಾಡಿದ್ದರೆ ಚೆನ್ನಾಗಿತ್ತು ಎಂದು ಈಗ ಅನ್ನಿಸುತ್ತದೆ, ಆದರೆ ಅದು ತಪ್ಪನ್ನು ಅವಳ ಕಡೆ ಜರುಗಿಸುವ ಉಪಾಯ.

ನನ್ನ ಕೈಯಲ್ಲಿ ಐದಾರು ವಾರಗಳಿದ್ದವು. ಒಂದು ಒಳ್ಳೆಯ ದಿನ ನೋಡಿ ಹೇಳಿದರಾಯಿತು ಎಂದುಕೊಂಡೆ. ಆ ವಾರದಿಂದಲೇ ಅವನ ಊರಿನ ತಂಡ ಸೋಲತೊಡಗಿತು. ಸುಮ್ಮನೆ ಸೋಲಲಿಲ್ಲ, ಗೆಲ್ಲಬೇಕಾದ ಆಟಗಳನ್ನು ಎತ್ತಿ ಕೊಟ್ಟಿತು. ಎಸೆಯುವವನ ಮೊಣಕೈ ಕೆಟ್ಟಿತು. ಹೊಡೆಯುವವರಲ್ಲಿ ಒಬ್ಬನಿಗೆ ಸತತ ಆರು ಆಟಗಳಲ್ಲಿ ಬ್ಯಾಟಿಗೆ ಚೆಂಡೇ ತಗುಲಲಿಲ್ಲ. ನಾನು ಟ್ರೈನಿನಲ್ಲಿ ನಿಂತು, ಹ್ಯಾಂಡಲ್ ಬಿಗಿಯಾಗಿ ಹಿಡಿದು, ಅವರಿಗೆ ಕನ್ನಡದಲ್ಲಿ ಬೈಯುತ್ತಿದ್ದೆ, ಬಾಯಿ ಬಿಡದೆ. ಮುದುಕ ಕಾಮೆಂಟೇಟರನ ದನಿ ದಿನದಿಂದ ದಿನಕ್ಕೆ ಇಳಿಯಿತು. ಎಂಟೂವರೆಗೆ ಹೆಡ್‌ಫೋನ್ ಹಾಕಿಕೊಂಡು ಕೂತಾಗ ಡೈರೆಕ್ಟರನ ದನಿಯೂ ಹಾಗೇ ಕೇಳಿಸುತ್ತಿತ್ತು. ಇಂದು ಬೇಡ, ನಾಳೆ ನೋಡೋಣ.

ಮನೆಯಲ್ಲಿ ಹೆಂಡತಿಗೆ ವಿಷಯ ಹೇಳಿದ್ದೆ. ಅವಳು ವಾರಕ್ಕೊಮ್ಮೆ ವಿಚಾರಿಸುತ್ತಿದ್ದಳು.

"ಆ ಹುಡುಗಿ ವಿಷಯ ಹೇಳಿದ್ರಾ?"

"ಟೈಮ್ ನೋಡ್ತಿದೀನಿ. ಅವರ ಟೀಮ್ ಸೋಲ್ತಿದೆ."

"ಅವರ ಟೀಮ್ ಸೋತ್ರೆ ಇವಳ್ಯಾಕೆ ಹಾಸನಕ್ಕೆ ಹೋಗ್ಬೇಕು? ನಾಳೆ ಹೋಗಿ ಹೇಳ್ರೀ. ನಾಳೆ ದಿನಾನೂ ಚೆನ್ನಾಗಿದೆ, ನಾನೇ ನೋಡಿದೀನಿ."

ಅವಳ ಪಂಚಾಂಗಕ್ಕೂ ನನ್ನ ಪಂಚಾಂಗಕ್ಕೂ ಕೂಡಿಬರಲಿಲ್ಲ. ಮರುದಿನ ನಾಲ್ಕನೇ ಇನಿಂಗಿಗೆ ಏಳು ರನ್ ಹಿಂದಿದ್ದರು.

ಆಗಸ್ಟ್ ಮೂರನೇ ವಾರದಲ್ಲಿ ಒಂದು ಬುಧವಾರ ಎಲ್ಲ ಸರಿಹೋಯಿತು. ಐದನೇ ಇನಿಂಗಿನಲ್ಲಿ ನಮ್ಮವರು, ಅಷ್ಟು ಹೊತ್ತಿಗೆ ಅವರು ನನಗೆ ನಮ್ಮವರಾಗಿದ್ದರು, ನಾಲ್ಕು ರನ್ ಮುಂದಿದ್ದರು. ನಾನು ಎಡಗಿವಿಗೆ ಫೋನಿನ ಇಯರ್‌ಫೋನು, ಬಲಗಿವಿಗೆ ಆಫೀಸಿನ ಹೆಡ್‌ಸೆಟ್ಟು ಸಿಕ್ಕಿಸಿಕೊಂಡು ಕಾಲ್‌ನಲ್ಲಿ ಕೂತಿದ್ದೆ. ಕೆಲಸದ ಮಾತೆಲ್ಲ ಮುಗಿದು ಬೇರೆಯವರು ಒಬ್ಬೊಬ್ಬರಾಗಿ ಲೈನ್ ಬಿಟ್ಟರು. ಅವನು, "ಎನಿಥಿಂಗ್ ಎಲ್ಸ್?" ಎಂದ. ದನಿ ಚೆನ್ನಾಗಿತ್ತು. ಎಡಗಿವಿಯಲ್ಲಿ ಇನ್ನು ಒಬ್ಬ ಔಟಾದರೆ ಇನಿಂಗ್ ಮುಗಿಯುತ್ತಿತ್ತು.

"ಹೌದು, ನನ್ನ ತಂಡದ ಬಗ್ಗೆ ಒಂದು ವಿಷಯ ಇತ್ತು," ಎಂದು ಇಂಗ್ಲಿಷಿನಲ್ಲಿ ಶುರುಮಾಡಿದೆ.

ಅಷ್ಟರಲ್ಲಿ ಬಲಗಿವಿಯಲ್ಲಿ, ಅವನ ಮನೆಯ ಒಳಗಿನಿಂದ, ನೋವಾದವರು ಹಾಕುವಂಥ ಒಂದು ಉದ್ಗಾರ ಕೇಳಿಸಿತು. ಅದರ ಹಿಂದೆಯೇ ಏನನ್ನೋ ಟಪ್ಪೆಂದು ಇಟ್ಟ ಸದ್ದು. ನನ್ನ ಎಡಗಿವಿಯ ಆಟದಲ್ಲಿ ಇನ್ನೂ ಏನೂ ಆಗಿರಲಿಲ್ಲ. ಆದರೆ ಆಗಿಹೋಗಿದೆ ಎಂದು ನನಗೆ ಗೊತ್ತಾಯಿತು.

"ಅರ್ಜೆಂಟ್ ಏನಿಲ್ಲ. ಮುಂದಿನ ವಾರ ಮಾತಾಡಿದರೂ ನಡೆಯುತ್ತದೆ," ಎಂದೆ.

"ಶ್ಯೂರ್," ಎಂದು ಅವನು ಲೈನ್ ಬಿಟ್ಟ.

ಒಂದು ನಿಮಿಷದ ನಂತರ ಎಡಗಿವಿಯಲ್ಲಿ ಮೂರೂ ಬೇಸ್‌ಗಳಲ್ಲಿ ಜನ ತುಂಬಿದ್ದರು, ಬ್ಯಾಟ್ ಸದ್ದಾಯಿತು, ಮುದುಕ ಎರಡು ಸೆಕೆಂಡ್ ಸುಮ್ಮನಿದ್ದು, ಚೆಂಡು ಮೈದಾನದಾಚೆ ಹೋಯಿತು ಎಂದ. ಒಂದೇ ಹೊಡೆತಕ್ಕೆ ನಾಲ್ಕು ರನ್. ಸ್ಕೋರ್ ಸಮ. ನನ್ನ ಪ್ರಸಾರ ಒಂದು ನಿಮಿಷ ಹಿಂದೆ ಇದ್ದರೂ ಅವನ ಮನೆಯ ಆ ಉದ್ಗಾರದಿಂದ ನಾನು ಬಚಾವಾದೆ ಎಂದುಕೊಂಡೆ. ಎಷ್ಟು ನಿರಾಳವಾಯಿತೆಂದರೆ, ಎದ್ದು ಹೋಗಿ ಅಲ್ಲಿನವರು ಕೋಪಿ ಎನ್ನುವ ಕಾಫಿ ಒಂದನ್ನು ತಂದು ಕುಡಿದೆ. ಮೂರು ಸಾಲು ಆಚೆ ಅವಳು ಪರದೆಗೆ ಕಣ್ಣಿಟ್ಟು ಕೆಲಸ ಮಾಡುತ್ತಿದ್ದಳು.

ಆ ವರ್ಷ ಗಣೇಶನ ಹಬ್ಬ ಆಗಸ್ಟ್ ಕೊನೆಗೇ ಬಂದಿತ್ತು. ನಮ್ಮ ಪರಿಚಯದವರೊಬ್ಬರ ಕಾಂಡೋದ, ಅಂದರೆ ಖಾಸಗಿ ಅಪಾರ್ಟ್‌ಮೆಂಟಿನ, ಫಂಕ್ಷನ್ ರೂಮಿನಲ್ಲಿ ಇಪ್ಪತ್ತು ಮನೆಯವರು ಸೇರಿದ್ದೆವು. ಅವಳ ಗಂಡ ಬಂದಿದ್ದ. ತೆಳ್ಳಗೆ, ಎತ್ತರಕ್ಕೆ, ಮಾತು ಕಡಿಮೆ. ಪುಳಿಯೋಗರೆ ಅವನೇ ಮಾಡಿ ತಂದಿದ್ದನಂತೆ. ಎಲ್ಲರಿಗೂ ಬಡಿಸಿದ, ಕೊನೆಗೆ ನನ್ನ ಪಕ್ಕ ಬಂದು ಕೂತ. ಬೆಂಗಳೂರಿನಲ್ಲಿ ತಾನು ಮಾಡುತ್ತಿದ್ದ ಕೆಲಸದ ಬಗ್ಗೆ ಸ್ವಲ್ಪ ಹೇಳಿದ. ಇಲ್ಲಿ ಇನ್ನೂ ಏನೂ ಸಿಕ್ಕಿಲ್ಲ, ಎರಡು ಕಡೆ ಇಂಟರ್ವ್ಯೂ ಆಗಿದೆ ಎಂದ.

"ನಿಮ್ಮ ಮೇಲೇ ಭಾರ ಹಾಕಿದೀವಿ ಸರ್," ಎಂದ ಎಲೆ ನೋಡುತ್ತಾ.

"ಪ್ರೋಸೆಸ್‌ನಲ್ಲಿದೆ," ಎಂದೆ ನಾನು.

ಆ ಮಾತು ಎಲ್ಲಿಂದ ಬಂತೋ ತಿಳಿಯದು. ಆಫೀಸಿನಲ್ಲಿ ದಿನಕ್ಕೆ ಹತ್ತು ಸಲ ಆಡುವ ಮಾತು, ತನ್ನಷ್ಟಕ್ಕೆ ಬಾಯಿಗೆ ಬಂತು. ಅವನ ಮುಖ ಅರಳಿತು. ಎದ್ದು ಹೋಗಿ ನನಗೆ ಇನ್ನೊಂದು ಸೌಟು ಪುಳಿಯೋಗರೆ ತಂದು ಹಾಕಿದ. ಅವನ ಮಗಳು ಹಿಂದೆಯೇ ಬಂದು, "ಅಪ್ಪಾ, ಅಂಕಲ್ ಫುಲ್ ಆಲ್ರೆಡಿ ಲಾ," ಎಂದು ಅವನ ಕೈ ಎಳೆದಳು. ನಾನು ಹಾಕಿದ್ದನ್ನು ಪೂರ್ತಿ ತಿಂದೆ.

ಮನೆಗೆ ಬರುವಾಗ ಬಸ್ಸಿನಲ್ಲಿ ಹೆಂಡತಿ ನನ್ನ ಪಕ್ಕದ ಸೀಟು ಬಿಟ್ಟು ಮುಂದಿನದರಲ್ಲಿ ಕೂತಳು. ಅವಳು ಊಟಕ್ಕೆ ಹತ್ತಿರದಲ್ಲೇ ಕೂತು ಎಲ್ಲ ಕೇಳಿಸಿಕೊಂಡಿದ್ದಳು.

ಆ ವಾರಾಂತ್ಯ ತಂಡ ಎರಡು ಆಟ ಗೆದ್ದಿತು. ಶನಿವಾರದ್ದು ಸಾಧಾರಣ ಗೆಲುವು. ಸೋಮವಾರ ಬೆಳಿಗ್ಗೆ, ಅಲ್ಲಿನ ಭಾನುವಾರ ರಾತ್ರಿ, ಕೇಳಿದ ಆಟವಂತೂ ಇಡೀ ಋತುವಿನಲ್ಲೇ ನಾನು ಕೇಳಿದ ಅತ್ಯುತ್ತಮ ಆಟ. ಆ ಮುದುಕ ಯುವಕನಂತೆ ಕೂಗುತ್ತಿದ್ದ. ಎಂಟೂವರೆಗೆ ನಮ್ಮವರು ಒಂಬತ್ತು ರನ್ ಮುಂದೆ. ಇದಕ್ಕಿಂತ ಒಳ್ಳೆಯ ಗಳಿಗೆ ಹುಡುಕಿದರೂ ಸಿಗಲಾರದು. ತಿಂಗಳು ಮುಗಿಯಲು ಇನ್ನೂ ಎರಡು ದಿನವಿತ್ತು. ಕೆಲಸದ ಮಾತು ಮುಗಿದು ಉಳಿದವರೆಲ್ಲ ಹೋಗುವವರೆಗೆ ಕಾದು, ಮೊದಲು ಅವನಿಗೆ ಅಭಿನಂದನೆ ಹೇಳಿದೆ.

"ಏತಕ್ಕೆ?" ಎಂದ.

"ಆಟಕ್ಕೆ. ಒಂಬತ್ತು ರನ್ ಮುಂದೆ ಇದ್ದೀರಲ್ಲ."

ಅವನು ನಕ್ಕ. "ಓ, ಬೇಸ್‌ಬಾಲಾ? ಅದು ನನ್ನ ಹೆಂಡತಿ. ಅಡುಗೆಮನೆಯಲ್ಲಿ ರೇಡಿಯೋ ಹಾಕಿಕೊಂಡಿರುತ್ತಾಳೆ. ನಾನು ಬೇರೆ ಕಡೆ ಬೆಳೆದವನು, ನನಗೆ ಆ ಆಟ ಏನೂ ತಿಳಿಯುವುದಿಲ್ಲ. ಬಾಗಿಲು ಹಾಕಿಕೊಳ್ಳಬೇಕು ಅಂದುಕೊಳ್ಳುತ್ತೇನೆ, ಮರೆತುಹೋಗುತ್ತದೆ. ನಿಮಗೆ ತೊಂದರೆ ಆಗುತ್ತಿತ್ತೇ?"

ಇಲ್ಲ ಎಂದೆ. ನನ್ನ ಪುಸ್ತಕ ಮೇಜಿನ ಮೇಲೆ ತೆರೆದೇ ಇತ್ತು. ಅದನ್ನು ಮುಚ್ಚಿದೆ. ಆಮೇಲೆ ವಿಷಯ ಹೇಳಿದೆ. ಹೇಳಲು ಹಿಡಿದದ್ದು ಒಂದು ನಿಮಿಷವೂ ಇಲ್ಲ. ಎರಡು ವರ್ಷ ಕಾಂಟ್ರಾಕ್ಟ್‌ನಲ್ಲಿದ್ದಾಳೆ, ಕೆಲಸ ಚೆನ್ನಾಗಿದೆ, ಪರ್ಮನೆಂಟ್ ಮಾಡಿಕೊಳ್ಳಬೇಕು, ಇಲ್ಲದಿದ್ದರೆ ಅವಳು ದೇಶ ಬಿಡಬೇಕಾಗುತ್ತದೆ. ಮುಗಿಯಿತು.

ಅವನು ನಿಟ್ಟುಸಿರು ಬಿಟ್ಟ. ಅವಳ ಕೆಲಸ ಅವನಿಗೆ ಗೊತ್ತಿತ್ತು, ಹೆಸರು ಹಿಡಿದು ಮೆಚ್ಚಿದ. ಈ ಬೇಸಿಗೆಯಲ್ಲಿ ತನ್ನ ಹತ್ತಿರ ಎರಡು ಪರ್ಮನೆಂಟ್ ಜಾಗ ಖಾಲಿ ಇದ್ದವೆಂದೂ, ಯಾರಾದರೂ ಕೇಳುತ್ತಾರೇನೋ ಎಂದು ಇಟ್ಟುಕೊಂಡಿದ್ದೆನೆಂದೂ, ಕಳೆದ ಶುಕ್ರವಾರ ಬೇರೆ ದೇಶದ ಆಫೀಸಿನ ಮ್ಯಾನೇಜರ್ ಎರಡು ಸಾಲಿನ ಮೇಲ್ ಹಾಕಿ ಕೇಳಿದ್ದರಿಂದ ಎರಡನ್ನೂ ಅವನಿಗೆ ಕೊಟ್ಟೆನೆಂದೂ ಹೇಳಿದ. ಈಗ ವರ್ಷದ ಕೊನೆಯವರೆಗೆ ಹೊಸ ಜಾಗ ಇಲ್ಲ.

"ಯೂ ಶುಡ್ ಹ್ಯಾವ್ ಆಸ್ಕ್ಡ್," ಎಂದ. ಬೈಯುವ ದನಿಯಲ್ಲಿ ಅಲ್ಲ. ಅವನಿಗೆ ನಿಜವಾಗಿಯೂ ಬೇಸರವಾಗಿತ್ತು. ಜುಲೈನಲ್ಲೇ ಹೇಳಿದ್ದರೆ ಅಂದೇ ಆಗುತ್ತಿತ್ತು ಎಂದ.

ಆ ದಿನ ನನಗಾದದ್ದು ನಾಚಿಕೆ. ದುಃಖ ಎಂದರೆ ಹೆಚ್ಚು ಗೌರವದ ಮಾತಾಗುತ್ತದೆ. ಆರು ವಾರ ನಾನು ಮೀನಮೇಷ ಎಣಿಸಿದ್ದು ಯಾವನದೋ ಹೆಂಡತಿಯ ಮನಸ್ಸಿನ ಹದ ನೋಡಿಕೊಂಡು. ಅದಕ್ಕಿಂತ ಕೆಟ್ಟದ್ದೆಂದರೆ, ತಂಡ ಗೆಲ್ಲುತ್ತಲೇ ಇದ್ದಿದ್ದರೂ ನಾನು ಇನ್ನೊಂದು ಕಾರಣ ಹುಡುಕುತ್ತಿದ್ದೆ ಎಂಬುದು ನನಗೆ ಗೊತ್ತು. ಒಬ್ಬರ ಎದುರು ನಿಂತು, ಅದೂ ನನಗಲ್ಲ ಇನ್ನೊಬ್ಬರಿಗೆ, ಒಂದು ಮಾತು ಕೇಳುವುದು ನನ್ನಿಂದಾಗುತ್ತಿರಲಿಲ್ಲ. ಆಗದಿದ್ದುದಕ್ಕೆ ಬೇಸ್‌ಬಾಲ್ ಒಂದು ಮುಸುಕು. ಆ ಮುಸುಕಿನೊಳಗೆ ನಾನು ಸುಖವಾಗಿಯೂ ಇದ್ದೆ, ದಿನಾ ಬೆಳಿಗ್ಗೆ ಆಟ ಕೇಳಿಕೊಂಡು.

ಮಧ್ಯಾಹ್ನ ಅವಳನ್ನು ಒಂದು ಮೀಟಿಂಗ್ ರೂಮಿಗೆ ಕರೆದೆ. ನಿಜ ಹೇಳಬೇಕೆಂದೇ ಒಳಗೆ ಹೋದದ್ದು.

"ಆಗ್ಲಿಲ್ಲಮ್ಮ," ಎಂದೆ. "ಜಾಗ ಇಲ್ಲ ಅಂದ್ಬಿಟ್ರು."

ಅವಳು ತಲೆಯಾಡಿಸಿದಳು. ಆಮೇಲೆ, "ಮಗಳಿಗೆ ಟರ್ಮ್ ಮುಗಿಯೋವರ್ಗೂ ಇರಕ್ಕೆ ಆಗತ್ತಾ ಅಂತ ಎಚ್ಆರ್‌ನ ಕೇಳ್ತೀನಿ ಸರ್," ಎಂದು ಎದ್ದು ಹೋದಳು. ನನ್ನ ಮಾತಿನಲ್ಲಿ ಸುಳ್ಳಿರಲಿಲ್ಲ. ಜಾಗ ಇಲ್ಲ ಎಂದು ಅವನು ಹೇಳಿದ್ದು ನಿಜವೇ.

ಮುಂದಿನ ನಾಲ್ಕು ವಾರ ನಾನು ಬೇರೆ ವಿಭಾಗಗಳಲ್ಲಿ ವಿಚಾರಿಸಿದೆ, ಪರಿಚಯದವರಿಗೆ ಅವಳ ರೆಸ್ಯೂಮೆ ಕಳಿಸಿದೆ. ಈಗ ಕೇಳಲು ನನಗೆ ಯಾವ ಮುಹೂರ್ತವೂ ಬೇಕಾಗಲಿಲ್ಲ. ಎಲ್ಲರೂ ಸಮಾಧಾನದಿಂದ ಮಾತಾಡಿದರು, ಯಾರಲ್ಲೂ ಜಾಗ ಇರಲಿಲ್ಲ. ಅವನ ಊರಿನ ತಂಡ ಸೆಪ್ಟೆಂಬರಿನಲ್ಲಿ ಅದ್ಭುತವಾಗಿ ಆಡಿತು ಎಂದು ಪಕ್ಕದ ಸೀಟಿನವನು ಹೇಳಿದ. ನಾನು ಕೇಳಿಸಿಕೊಳ್ಳಲಿಲ್ಲ. ಮತ್ತೆ ಶುರುಮಾಡಿದ್ದು ಎರಡು ವರ್ಷ ಬಿಟ್ಟು, ಆ ಬ್ಯಾಂಕು ಬಿಟ್ಟ ಮೇಲೆ.

ಅವಳ ಕೊನೆಯ ದಿನ ತಂಡದವರೆಲ್ಲ ಸೇರಿ ಹತ್ತಿರದ ಹಾಕರ್ ಸೆಂಟರಿನಲ್ಲಿ, ಸಾಲಾಗಿ ತಿಂಡಿ ಅಂಗಡಿಗಳಿರುವ ಕಡೆ, ಊಟ ಮಾಡಿದೆವು. ಅವಳು ಸಸ್ಯಾಹಾರಿ, ಹಾಗಾಗಿ ತರಕಾರಿ ಬೀ ಹೂನ್, ಅಂದರೆ ಅಕ್ಕಿ ಶಾವಿಗೆ, ಸಿಗುವ ಅಂಗಡಿಯ ಎದುರಿನ ಮೇಜು. ಹೊರಡುವಾಗ ಬೇರೆಯವರನ್ನು ಮುಂದೆ ಬಿಟ್ಟು ಅವಳು ನನ್ನ ಜೊತೆ ನಿಧಾನವಾಗಿ ನಡೆದಳು. ಬಿಸಿಲು ಜೋರಾಗಿತ್ತು. ಆಫೀಸಿನ ಗೇಟಿನ ನೆರಳಿಗೆ ಬಂದಾಗ ನಿಂತಳು.

"ಸರ್, ನಿಮಗೊಂದು ಥ್ಯಾಂಕ್ಸ್ ಹೇಳ್ಬೇಕಿತ್ತು."

"ನನಗ್ಯಾಕಮ್ಮ. ಕೆಲಸ ಆಗ್ಲೇ ಇಲ್ವಲ್ಲ."

"ಆಗ್ದೇ ಇರ್ಬಹುದು. ಆದ್ರೆ ನೀವು ಎಷ್ಟು ಟ್ರೈ ಮಾಡಿದ್ರಿ ಅಂತ ನನಗೆ ಗೊತ್ತು ಸರ್. ನಾನು ಪಾಯಾ ಲೇಬಾರ್‌ನಲ್ಲಿ ಟ್ರೈನ್ ಹತ್ತೋದು. ಎಷ್ಟೋ ಸಲ ನೀವಿದ್ದ ಬೋಗಿಗೇ ಹತ್ತಿದೀನಿ. ಕಿವೀಲಿ ಇಯರ್‌ಫೋನ್ ಹಾಕ್ಕೊಂಡು, ಮುಖ ಗಂಟಿಕ್ಕೊಂಡು, ಏಳೂಮುಕ್ಕಾಲಿಗೆಲ್ಲ ಡೈರೆಕ್ಟರ್ ಜೊತೆ ಕಾಲ್‌ನಲ್ಲಿ ಇರ್ತಿದ್ರಿ. ಒಂದಿನ ಅಂತೂ ಕೈ ಮುಷ್ಟಿ ಮಾಡಿ ಕಂಬಕ್ಕೆ ಗುದ್ದಿದ್ರಿ. ಡಿಸ್ಟರ್ಬ್ ಮಾಡ್ಬಾರ್ದು ಅಂತ ನಾನು ಆಚೆ ಬಾಗಿಲ ಕಡೆ ಹೋಗಿ ನಿಂತ್ಕೊತಿದ್ದೆ."

ನಾನು ಏನಾದರೂ ಹೇಳಬೇಕಿತ್ತು. ಅವಳು ನನಗೆ ಸಾಕಷ್ಟು ಸಮಯವನ್ನೂ ಕೊಟ್ಟಳು.

"ಮನೇಲಿ ಇವರಿಗೂ ಹೇಳಿದೀನಿ," ಎಂದಳು. "ನಮ್ಮೋರು ಅಂತ ಇಷ್ಟು ಯಾರು ಮಾಡ್ತಾರೆ ಸರ್ ಈ ಕಾಲದಲ್ಲಿ. ಇವರು ಪಾಪ, ನಿಮ್ಮನ್ನ ನೋಡಿ ನಮಸ್ಕಾರ ಹೇಳಿ ಬರ್ತೀನಿ ಅಂತಿದ್ರು. ಪ್ಯಾಕಿಂಗ್ ಇತ್ತು, ಬರಕ್ಕಾಗ್ಲಿಲ್ಲ."

ಅವಳ ಕಣ್ಣಲ್ಲಿ ನೀರಿತ್ತು. ಒಳಗೆ ಲಿಫ್ಟಿನ ಹತ್ತಿರ ತಂಡದವರು ನಮಗಾಗಿ ಕಾಯುತ್ತಿದ್ದರು. ನಿಜ ಹೇಳಲು ಅದು ಕಡೆಯ ಅವಕಾಶ. ನಾನು ಬಾಯಿ ತೆರೆದೆ.

"ಅಯ್ಯೋ, ಅದರಲ್ಲೇನಿದೆಯಮ್ಮ," ಎಂದೆ.